ಗೇಮ್ ಬಾಯ್ ಭಂಡಾರಕ್ಕೆ ಎಷ್ಟು ಜಾಗ ಬೇಕು?

1989ರ ಏಪ್ರಿಲ್‌ನಲ್ಲಿ ಜಪಾನಿನ ನಿಂಟೆಂಡೊ ಸಂಸ್ಥೆಯು ಗೇಮ್ ಬಾಯ್ ಎಂಬ, ಅಂಗೈಯಲ್ಲಿ ಹಿಡಿದು ಆಡುವ ಯಂತ್ರವನ್ನು ಮಾರುಕಟ್ಟೆಗೆ ತಂದಿತು. ಅದರಲ್ಲಿ ಲೋಕವೆಲ್ಲ ಆಡಿದ ‘ಟೆಟ್ರಿಸ್’ ಆಟದ ಗಾತ್ರ 32 ಕಿಲೋಬೈಟ್. ಇಂದಿನ ಗಣಕದಲ್ಲಿ ಕನ್ನಡದ ಒಂದೊಂದು ಚಿಹ್ನೆಗೆ ಸಾಮಾನ್ಯವಾಗಿ 3 ಬೈಟ್ ತಗಲುತ್ತದೆ. ಗುಣಿತದ ಕೊಂಬು, ಇಳಿಗಳಿಗೂ ಪ್ರತ್ಯೇಕ ಲೆಕ್ಕ. ಹೀಗಾಗಿ ಆ ಆಟದಷ್ಟೇ ಜಾಗವನ್ನು ನಮಗೆ ಕೊಟ್ಟರೆ ಸುಮಾರು 11,000 ಚಿಹ್ನೆಗಳಿಗೆ, ಅಂದರೆ ಒಂದು ಸಣ್ಣಕಥೆಗೆ, ಅದು ಮುಗಿದುಹೋಗುತ್ತದೆ.

ಇಡೀ ಭಂಡಾರವನ್ನು ಕಾಪಿಡುವುದಾದರೆ? ಗೇಮ್ ಬಾಯ್ ಮತ್ತು ಅದರ ವರ್ಣರೂಪದ ಕಾರ್ಟ್ರಿಜ್‌ಗಳ ಗರಿಷ್ಠ ಸಾಮರ್ಥ್ಯ 8 ಮೆಗಾಬೈಟ್. 2,000 ಆಟಗಳು ಆ ಮಿತಿಯನ್ನು ಮುಟ್ಟಿದವೆಂದೇ ಇಟ್ಟುಕೊಂಡರೂ ಮೊತ್ತ 16 ಗಿಗಾಬೈಟ್. ಬಹುಪಾಲು ಆಟಗಳು ಅದರ ಕಾಲುಭಾಗವನ್ನೂ ಬಳಸಿರಲಿಲ್ಲ. ಉಗುರಗಲದ ಮೆಮೊರಿ ಕಾರ್ಡು ಸಾಕು. 2001ರ ಗೇಮ್ ಬಾಯ್ ಅಡ್ವಾನ್ಸ್‌ನಲ್ಲಿ ಮಿತಿ 32 ಮೆಗಾಬೈಟಿಗೆ ಏರಿತು, ಎಂದರೆ ಟೆಟ್ರಿಸ್‌ನ 1,024 ಪಟ್ಟು. 2004ರ ಡಿಎಸ್ ಯಂತ್ರದ ಆಟಗಳು 512 ಮೆಗಾಬೈಟಿನವರೆಗೂ ಬೆಳೆದವು. ಇವನ್ನೂ ಇಂದಿನ ಸಾಧಾರಣ ಡಿಸ್ಕುಗಳು ನಿರಾಯಾಸವಾಗಿ ನುಂಗಿಕೊಳ್ಳುತ್ತವೆ.

ಆದರೆ ಬೈಟುಗಳಲ್ಲಿ ಅಳೆಯಲಾಗದ ಭಾಗವೊಂದಿದೆ. 1996ರಲ್ಲಿ ಜಪಾನಿನಲ್ಲಿ ಬಂದ ಮೊದಲ ಪೋಕೆಮಾನ್ ಆಟಗಳು ಆಡುವವನ ಪ್ರಗತಿಯನ್ನು ಕಾರ್ಟ್ರಿಜ್‌ನೊಳಗಿನ ಗುಂಡಿಯಾಕಾರದ ಬ್ಯಾಟರಿಯ ಬಲದಿಂದ ಉಳಿಸಿಕೊಳ್ಳುತ್ತಿದ್ದವು. ಬ್ಯಾಟರಿ ತೀರಿದಾಗ ಆಟ ಉಳಿಯುತ್ತದೆ. ಯಾವುದೋ ಮಗು ತಿಂಗಳುಗಟ್ಟಲೆ ಕೂಡಿಹಾಕಿದ್ದು ಅಳಿಸಿಹೋಗುತ್ತದೆ. 2003ರ ‘ಬೊಕ್ಟಾಯ್’ ಇನ್ನೂ ವಿಚಿತ್ರ: ಅದರ ಕಾರ್ಟ್ರಿಜ್‌ನಲ್ಲಿ ಬಿಸಿಲನ್ನು ಗ್ರಹಿಸುವ ಸಂವೇದಕವಿತ್ತು. ರಕ್ತಪಿಶಾಚಿಗಳೊಡನೆ ಹೋರಾಡಲು ಮಕ್ಕಳು ನಿಜಕ್ಕೂ ಅಂಗಳಕ್ಕಿಳಿಯಬೇಕಿತ್ತು. ಆ ಆಟದ ಕಡತವನ್ನು ನಕಲು ಮಾಡಬಹುದು, ಬಿಸಿಲನ್ನು ಯಾವ ಕಡತದಲ್ಲಿ ತುಂಬೋಣ?

ಮುಂದೆ ಕಾರ್ಟ್ರಿಜ್ ಇಲ್ಲದ ಆಟಗಳೂ ಬಂದವು. 3ಡಿಎಸ್ ಯಂತ್ರದ ಅಂತರ್ಜಾಲದ ಅಂಗಡಿಯಲ್ಲಿ ಖರೀದಿ 2023ರ ಮಾರ್ಚ್ 27ರಂದು ನಿಂತಿತು. ಅಲ್ಲಿ ಮಾತ್ರ ದೊರೆಯುತ್ತಿದ್ದ ಆಟಗಳನ್ನು ಹೊಸದಾಗಿ ಕೊಳ್ಳಲು ಬೇರೊಂದು ಕಟ್ಟೆಯಿರಲಿಲ್ಲ.

ಇಷ್ಟಕ್ಕೂ ಕಾಪಿಡುವ ಹೊಣೆ ಯಾರದು? ಸರಕಾರಿ ಕಡತಗಳ ನಡುವೆ ದಿನ ಕಳೆಯುವ ನಮಗೆ ಈ ಪ್ರಶ್ನೆ ಸಹಜ. ನಮ್ಮ ದೇಶದ 1954ರ ಕಾಯಿದೆ ಪುಸ್ತಕ, ಪತ್ರಿಕೆಗಳ ಪ್ರತಿಯನ್ನು ಗ್ರಂಥಾಲಯಗಳಿಗೆ ಒಪ್ಪಿಸಬೇಕೆನ್ನುತ್ತದೆ, ಆಟಗಳ ಮಾತಿಲ್ಲ. ಜಪಾನಿನ ರಾಷ್ಟ್ರೀಯ ಡಯಟ್ ಗ್ರಂಥಾಲಯವು 2000ದ ಅಕ್ಟೋಬರಿನಿಂದ ಇಲೆಕ್ಟ್ರಾನಿಕ್ ಪ್ರಕಟಣೆಗಳನ್ನು, ವಿಡಿಯೊ ಆಟಗಳನ್ನೂ ಸೇರಿಸಿ, ಕಾನೂನಿನ ಪ್ರಕಾರ ಸಂಗ್ರಹಿಸುತ್ತಿದೆ. ಆ ವೇಳೆಗೆ ಗೇಮ್ ಬಾಯ್ ಹುಟ್ಟಿ ಹನ್ನೊಂದು ವರ್ಷ ಕಳೆದಿತ್ತು.