ನಾಲೆಯ ನೀರು, ಶಿವಪುರದ ಧ್ವಜ: ಮಂಡ್ಯ ಸೀಮೆಯ ಜನ ಸೇರಲು ಕಲಿತ ಬಗೆ

ಸಾವಿರಾರು ಜನ ಒಂದೆಡೆ ಸೇರಿ ಸರ್ಕಾರದ ಆಜ್ಞೆಗೆ 'ಆಗುವುದಿಲ್ಲ' ಎಂದ ದಿನ ಇತಿಹಾಸದಲ್ಲಿ ಉಳಿಯುತ್ತದೆ. ಅದರ ತಾರೀಖು ಪಠ್ಯಪುಸ್ತಕಕ್ಕೆ ಸೇರುತ್ತದೆ, ಆ ಜಾಗದಲ್ಲಿ ಸ್ಮಾರಕ ಏಳುತ್ತದೆ. ಆದರೆ ಅಷ್ಟು ಜನ ಅಲ್ಲಿಗೆ ಹೇಗೆ ಬಂದರು? ಯಾರು ಯಾರನ್ನು ಕರೆದರು? ಉತ್ತು ಬಿತ್ತುವ ಮನುಷ್ಯನಿಗೆ ಸರ್ಕಾರದೆದುರು ನಿಲ್ಲುವ ಧೈರ್ಯ ಒಂದೇ ಬೆಳಗಿನಲ್ಲಿ ಬಂತೇ? ಈ ಪ್ರಶ್ನೆಗಳಿಗೆ ಸ್ಮಾರಕದ ಕಲ್ಲಿನಲ್ಲಿ ಉತ್ತರ ಸಿಗುವುದಿಲ್ಲ. ನಮ್ಮ ಮಂಡ್ಯ ಸೀಮೆಯ ಉದಾಹರಣೆಯನ್ನೇ ಇಟ್ಟುಕೊಂಡು ಅವನ್ನು ಇಲ್ಲಿ ವಿಚಾರಿಸೋಣ.

ಮಂಡ್ಯ ತಾಲ್ಲೂಕಿನ ದುದ್ದದಂತಹ ಹೋಬಳಿಯ ಶಾಲಾ ಮಕ್ಕಳಿಗೂ ಮದ್ದೂರಿನ ಪಕ್ಕದ ಶಿವಪುರದ ಹೆಸರು ಗೊತ್ತು. ಧ್ವಜ ಸತ್ಯಾಗ್ರಹ ಎಂದೊಡನೆ 1938 ಎಂದು ಅವರು ಹೇಳಬಲ್ಲರು. ಆದರೆ ಶಿವಪುರದ ಕಥೆ 1938ರಲ್ಲಿ ಶುರುವಾಗುವುದಿಲ್ಲ. ಅದರ ಬೇರು ಏಳೆಂಟು ವರ್ಷ ಹಿಂದಕ್ಕೆ, ಒಂದು ನಾಲೆಯ ದಂಡೆಗೆ ಹೋಗುತ್ತದೆ.

ನೀರು ಬಂತು, ಲೆಕ್ಕವೂ ಬಂತು

ಕನ್ನಂಬಾಡಿಯ ಬಳಿ ಕೃಷ್ಣರಾಜಸಾಗರದ ಕಟ್ಟೆಯ ಕೆಲಸ 1911ರಲ್ಲಿ ಆರಂಭವಾಯಿತು. ಅಲ್ಲಿಂದ ಹೊರಟ ದೊಡ್ಡ ನಾಲೆಗೆ ಅಂದಿನ ವೈಸರಾಯ್ ಲಾರ್ಡ್ ಇರ್ವಿನ್ನರ ಹೆಸರಿಟ್ಟರು. ಇಂದು ನಾವು ಅದನ್ನು ವಿಶ್ವೇಶ್ವರಯ್ಯ ನಾಲೆ ಎನ್ನುತ್ತೇವೆ. ಹುಲಿಕೆರೆಯ ಬಳಿ ಸುರಂಗ ಕೊರೆದು ಹರಿಸಿದ ಈ ನೀರಿನಿಂದ ಮಂಡ್ಯ, ಮದ್ದೂರು, ಮಳವಳ್ಳಿ ಕಡೆಯ ಬೆದ್ದಲು ಭೂಮಿ ಗದ್ದೆಯಾಗಬೇಕು ಎಂಬುದು ಮೈಸೂರು ಸರ್ಕಾರದ ಯೋಜನೆ. ಮಳೆಯನ್ನೇ ನಂಬಿ ರಾಗಿ, ಹುರುಳಿ ಬೆಳೆಯುತ್ತಿದ್ದ ಸೀಮೆಗೆ ಇದು ದೊಡ್ಡ ಭಾಗ್ಯವೆಂಬುದರಲ್ಲಿ ಸಂಶಯವಿಲ್ಲ.

ಆದರೆ ನೀರಿನ ಜೊತೆಗೆ ಎರಡು ಹೊಸ ಕಟ್ಟಳೆಗಳೂ ಬಂದವು. ಮೊದಲನೆಯದು ಬ್ಲಾಕ್ ಪದ್ಧತಿ. ರೈತನ ಜಮೀನನ್ನು ಗೊತ್ತಾದ ಭಾಗಗಳಾಗಿ ವಿಂಗಡಿಸಿ, ಈ ಭಾಗದಲ್ಲಿ ಭತ್ತ, ಇದರಲ್ಲಿ ಕಬ್ಬು, ಇದರಲ್ಲಿ ಕಡಿಮೆ ನೀರಿನ ಬೆಳೆ ಎಂದು ಸರ್ಕಾರವೇ ಸರದಿ ಗೊತ್ತು ಮಾಡಿತು. ಇರುವ ನೀರು ಹೆಚ್ಚು ಊರುಗಳಿಗೆ ಸಿಗಲಿ ಎಂಬುದು ಅದರ ತರ್ಕ. ಎರಡನೆಯದು 'ಕಾಂಟ್ರಿಬ್ಯೂಷನ್'. ನಾಲೆ ಬಂದದ್ದರಿಂದ ಜಮೀನಿನ ಬೆಲೆ ಏರುತ್ತದೆ, ಆದ್ದರಿಂದ ನಾಲೆಯ ವೆಚ್ಚದ ಒಂದು ಪಾಲನ್ನು ಜಮೀನಿನ ಒಡೆಯನೇ ಎಕರೆಗಿಷ್ಟು ಎಂದು ಸಲ್ಲಿಸಬೇಕು ಎಂಬ ನಿಯಮ. ವರ್ಷವರ್ಷದ ಕಂದಾಯ, ನೀರಿನ ತೆರಿಗೆಗಳ ಮೇಲೆ ಇದೊಂದು ಹೊರೆ.

ಕಾಗದದ ಮೇಲೆ ಈ ಲೆಕ್ಕ ಸರಿಯಾಗಿಯೇ ಕಾಣುತ್ತದೆ. ಆದರೆ ಅದು ಜಾರಿಗೆ ಬಂದ ಕಾಲವನ್ನು ಗಮನಿಸಿ. 1929ರಲ್ಲಿ ತಲೆದೋರಿದ ಜಾಗತಿಕ ಆರ್ಥಿಕ ಮುಗ್ಗಟ್ಟು 1930ರ ನಂತರ ನಮ್ಮ ಹಳ್ಳಿಗಳಿಗೂ ಮುಟ್ಟಿತು. ದವಸದ ಬೆಲೆ ಕುಸಿಯಿತು, ಬೆಲ್ಲ ಕೇಳುವವರಿಲ್ಲವಾಯಿತು. ಕಂದಾಯ ಮಾತ್ರ ರೊಕ್ಕದಲ್ಲೇ ಕಟ್ಟಬೇಕು, ಸಾಲಗಾರನ ಬಡ್ಡಿಯೂ ರೊಕ್ಕದಲ್ಲೇ. ಬೆದ್ದಲನ್ನು ಗದ್ದೆ ಮಾಡಲು ನೆಲ ಸಮ ಮಾಡಿ ಬದು ಹಾಕುವ ಖರ್ಚೂ ರೈತನದೇ. ಬೆಳೆ ಇನ್ನೂ ಕೈಗೆ ಬಂದಿಲ್ಲ, ಭೂಮಿಯ ಬೆಲೆ ಏರಿತೆಂದು ಹಣ ಕೇಳಿದರೆ ಅವನು ಎಲ್ಲಿಂದ ತಂದಾನು?

1931-32ರ ಇರ್ವಿನ್ ನಾಲಾ ಚಳವಳಿ ಹುಟ್ಟಿದ್ದು ಈ ಇಕ್ಕಟ್ಟಿನಿಂದ. ಅದರ ಮುಂದಾಳುಗಳಲ್ಲಿ ಪ್ರಮುಖರು 'ಚಿತ್ರಗುಪ್ತ' ಪತ್ರಿಕೆಯ ಎಚ್.ಕೆ. ವೀರಣ್ಣಗೌಡರು. ಊರೂರಲ್ಲಿ ಸಭೆಗಳಾದವು, ಅರ್ಜಿಗಳು ಹೊರಟವು. ಅಹವಾಲು ಹೇಳಿಕೊಳ್ಳಲು ಮೈಸೂರಿನಲ್ಲಿ 1881ರಿಂದ ಪ್ರಜಾಪ್ರತಿನಿಧಿ ಸಭೆ ಇತ್ತು ನಿಜ. ಆದರೆ ಅದು ದಿವಾನರನ್ನು ಕೇಳಬಲ್ಲ ಸಭೆ, ಕೆಳಗಿಳಿಸಬಲ್ಲ ಸಭೆಯಲ್ಲ. ಆಸ್ತಿ, ಕಂದಾಯದ ಅರ್ಹತೆ ಇದ್ದವರಿಗಷ್ಟೇ ಅದಕ್ಕೆ ಮತ. ಹಾಗಾಗಿ ರೈತರು ಸಭೆಯ ಹೊರಗೂ ದನಿ ಎತ್ತಬೇಕಾಯಿತು.

ಕೇಳಿದ್ದೆಲ್ಲವೂ ಆ ಚಳವಳಿಯಿಂದ ಸಿಗಲಿಲ್ಲ. ಆದರೂ ಅದು ಒಂದು ಪಾಠಶಾಲೆಯಾಯಿತು. ಪಕ್ಕದೂರಿನವನ ಕಷ್ಟವೂ ತನ್ನ ಕಷ್ಟವೂ ಒಂದೇ ಎಂಬುದನ್ನು ರೈತ ಅಲ್ಲಿ ಕಂಡುಕೊಂಡ. ಸಭೆಗೆ ಹೊತ್ತು ಗೊತ್ತು ಮಾಡುವುದು, ಊರಿಗೊಬ್ಬನಂತೆ ಆಳು ಕಳಿಸುವುದು, ಅಮಲ್ದಾರರ ಮುಂದೆ ನಿಂತು ಮಾತಾಡುವುದು ಇವೆಲ್ಲ ಅಭ್ಯಾಸದ ಕೆಲಸಗಳು. ಗದ್ದೆಯ ನಾಟಿಯ ಹಾಗೆ ಇದನ್ನೂ ಮಾಡಿಯೇ ಕಲಿಯಬೇಕು.

ಊರಿನ ಗೌಡ, ಪೇಟೆಯ ವಕೀಲ

ಆ ದಿನಗಳಲ್ಲಿ ಮೈಸೂರು ಸಂಸ್ಥಾನದ ಕಾಂಗ್ರೆಸ್ ಬಹುಮಟ್ಟಿಗೆ ಪೇಟೆಯ ವಿದ್ಯಾವಂತರ ಸಂಸ್ಥೆ. ಹಳ್ಳಿಗಾಡಿನ ಹಿಡಿತವಿದ್ದ ಬ್ರಾಹ್ಮಣೇತರ ಮುಖಂಡರು ಬೇರೆ ಪಕ್ಷಗಳಲ್ಲಿದ್ದರು. ಕೆ.ಸಿ. ರೆಡ್ಡಿ, ಎಚ್.ಸಿ. ದಾಸಪ್ಪ ಮೊದಲಾದವರಿದ್ದ ಪ್ರಜಾ ಸಂಯುಕ್ತ ಪಕ್ಷ 1937ರಲ್ಲಿ ಕಾಂಗ್ರೆಸ್ಸಿನಲ್ಲಿ ವಿಲೀನವಾಯಿತು. ಪೇಟೆಯ ವಕೀಲನಿಗೆ ಹಳ್ಳಿಯ ಜನ ಸಿಕ್ಕರು, ಹಳ್ಳಿಯ ಗೌಡನಿಗೆ ದೇಶದ ಮಾತು ಸಿಕ್ಕಿತು. ಈ ಕೂಡಾವಳಿಯಾಗದೆ ಶಿವಪುರವನ್ನು ಊಹಿಸುವುದು ಕಷ್ಟ.

ಮೈಸೂರು ಕಾಂಗ್ರೆಸ್ಸಿನ ಅಧಿವೇಶನ ಮದ್ದೂರಿನ ಪಕ್ಕ, ಶಿಂಷಾ ನದಿಯ ಬಳಿಯ ಶಿವಪುರದಲ್ಲಿ ಎಂದು ಗೊತ್ತಾಯಿತು. ತಿರುಮಲೇಗೌಡರ ಜಮೀನಿನಲ್ಲಿ ಚಪ್ಪರ ಎದ್ದಿತು. ಸಾಹುಕಾರ್ ಚನ್ನಯ್ಯ, ವೀರಣ್ಣಗೌಡ ಮುಂತಾದವರು ಓಡಾಡಿದರು. ಆಗಿನ್ನೂ ಮಂಡ್ಯ ಜಿಲ್ಲೆ ಆಗಿರಲಿಲ್ಲ. ಅದು ಆದದ್ದು 1939ರಲ್ಲಿ. ಮೈಸೂರು ಜಿಲ್ಲೆಯ ಅಧಿಕಾರಿಗಳು ಕಾಂಗ್ರೆಸ್ ಧ್ವಜ ಹಾರಿಸಕೂಡದೆಂದು ನಿಷೇಧಾಜ್ಞೆ ಹೊರಡಿಸಿದರು. 1938ರ ಏಪ್ರಿಲ್ 11ರಂದು ಅಧ್ಯಕ್ಷ ಟಿ. ಸಿದ್ದಲಿಂಗಯ್ಯನವರು ಆಜ್ಞೆ ಮೀರಿ ತ್ರಿವರ್ಣ ಧ್ವಜ ಏರಿಸಿದರು, ದಸ್ತಗಿರಿಯಾದರು. ಅವರ ಬೆನ್ನಿಗೆ ಇನ್ನೊಬ್ಬರು, ಮತ್ತೊಬ್ಬರು ಮುಂದೆ ಬಂದರು. ಯಶೋಧರಮ್ಮ ದಾಸಪ್ಪನವರಂತಹ ಮಹಿಳೆಯರೂ ಆ ಸತ್ಯಾಗ್ರಹದಲ್ಲಿದ್ದರು.

ಇಲ್ಲಿ ಎರಡು ಅಂಶ ಗಮನಾರ್ಹ. ಸುತ್ತಮುತ್ತಲ ಹಳ್ಳಿಗಳಿಂದ ಬಂದ ಸಾವಿರಾರು ಜನರಲ್ಲಿ ಬಹಳ ಮಂದಿ ನಾಲೆಯ ಸೀಮೆಯವರು. ಸಭೆ ಸೇರುವುದು ಅವರಿಗೆ ಹೊಸದಲ್ಲ. ಎರಡನೆಯದು, ಮುಂದಾಳು ಬಂಧಿತನಾದಾಗಲೂ ಜನ ಕಲ್ಲೆತ್ತಿಕೊಳ್ಳಲಿಲ್ಲ, ಚದುರಿಯೂ ಹೋಗಲಿಲ್ಲ. ಮುಂದಿನವನು ಎದ್ದು ನಿಂತ. ಜನಸಂದಣಿಗೂ ಚಳವಳಿಗೂ ಇರುವ ಅಂತರ ಇಷ್ಟೇ.

ವಿದುರಾಶ್ವತ್ಥದ ಬೆಲೆ

ಶಿವಪುರದ ಕಿಚ್ಚು ಸಂಸ್ಥಾನದ ಮೂಲೆಮೂಲೆಗೆ ಹಬ್ಬಿತು. ಎರಡು ವಾರಗಳ ನಂತರ, ಏಪ್ರಿಲ್ 25ರಂದು, ಅಂದಿನ ಕೋಲಾರ ಜಿಲ್ಲೆಯ ಗೌರಿಬಿದನೂರು ತಾಲ್ಲೂಕಿನ ವಿದುರಾಶ್ವತ್ಥದಲ್ಲಿ ಸೇರಿದ್ದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದರು. ಸತ್ತವರೆಷ್ಟು ಎಂಬುದರಲ್ಲಿ ಸರ್ಕಾರದ ಲೆಕ್ಕ ಒಂದು, ಜನರ ಲೆಕ್ಕ ಇನ್ನೊಂದು. ಜನರ ಲೆಕ್ಕ ಮೂವತ್ತನ್ನು ಮೀರುತ್ತದೆ. ಜಾಲಿಯನ್‌ವಾಲಾಬಾಗಿನ ಹೆಸರಿನೊಡನೆ ಈ ಊರಿನ ಹೆಸರನ್ನೂ ಹೇಳುವ ರೂಢಿ ಅಂದಿನಿಂದ ಬಂತು.

ದೇಶದ ಕಣ್ಣು ಮೈಸೂರಿನ ಕಡೆ ತಿರುಗಿತು. ಸರ್ದಾರ್ ವಲ್ಲಭಭಾಯಿ ಪಟೇಲರೂ ಆಚಾರ್ಯ ಕೃಪಲಾನಿಯವರೂ ಬೆಂಗಳೂರಿಗೆ ಬಂದರು. 1938ರ ಮೇ ತಿಂಗಳಲ್ಲಿ ದಿವಾನ್ ಸರ್ ಮಿರ್ಜಾ ಇಸ್ಮಾಯಿಲರೊಡನೆ ಒಪ್ಪಂದವಾಯಿತು. ಮೈಸೂರು ಕಾಂಗ್ರೆಸ್ಸಿಗೆ ಸರ್ಕಾರದ ಮಾನ್ಯತೆ ದೊರೆಯಿತು. ವಿಶೇಷ ಸಂದರ್ಭಗಳಲ್ಲಿ ಸಂಸ್ಥಾನದ ಧ್ವಜದ ಜೊತೆಗೆ ಕಾಂಗ್ರೆಸ್ ಧ್ವಜವನ್ನೂ ಹಾರಿಸಬಹುದೆಂದಾಯಿತು.

ಧ್ವಜ ಗೆದ್ದಿತು. ಆದರೆ ಮುಖ್ಯ ಬೇಡಿಕೆಯಾದ ಜವಾಬ್ದಾರಿ ಸರ್ಕಾರ ಬರಲಿಲ್ಲ. ಅದಕ್ಕೆ ಇನ್ನೂ ಒಂಬತ್ತು ವರ್ಷ ಕಾಯಬೇಕಾಯಿತು. ದೇಶ ಸ್ವತಂತ್ರವಾದ ಮೇಲೂ, 1947ರ ಸೆಪ್ಟೆಂಬರಿನಲ್ಲಿ 'ಮೈಸೂರು ಚಲೋ' ನಡೆದ ಮೇಲೆಯೇ, ಮೈಸೂರಿನಲ್ಲಿ ವಿದ್ಯಾರ್ಥಿ ರಾಮಸ್ವಾಮಿ ಗುಂಡಿಗೆ ಬಲಿಯಾದ ಮೇಲೆಯೇ, ಅಕ್ಟೋಬರಿನಲ್ಲಿ ಕೆ.ಸಿ. ರೆಡ್ಡಿಯವರ ಮಂತ್ರಿಮಂಡಲ ಅಧಿಕಾರಕ್ಕೆ ಬಂತು.

ನೈಲ್ ನದಿಯ ದಂಡೆಯಲ್ಲಿ

ಇದೇ ಮಾತನ್ನು ದೂರದ ಇನ್ನೊಂದು ನದಿಯ ನಾಡಿನಲ್ಲಿಟ್ಟು ನೋಡಬಹುದು. ಈಜಿಪ್ಟ್ ಕೂಡ ನಮ್ಮಂತೆ ಕಟ್ಟೆ, ನಾಲೆಗಳ ನಾಡು. ಮೊದಲನೆಯ ಮಹಾಯುದ್ಧ ಮುಗಿದೊಡನೆ ಸಾದ್ ಜಗ್ಲುಲ್ ಮತ್ತು ಅವರ ಸಂಗಡಿಗರು ಸ್ವಾತಂತ್ರ್ಯ ಕೇಳಲು ಒಂದು ನಿಯೋಗ ಕಟ್ಟಿದರು. ನಿಯೋಗಕ್ಕೆ ಅರಬ್ಬಿಯಲ್ಲಿ 'ವಫ್ದ್'. ತಾವೇ ಜನರ ಪ್ರತಿನಿಧಿಗಳೆಂದು ತೋರಿಸಲು ಅವರು ಊರೂರಿನಿಂದ ಸಹಿ ಸಂಗ್ರಹಿಸಿದರು. 1919ರ ಮಾರ್ಚ್ 8ರಂದು ಬ್ರಿಟಿಷರು ಜಗ್ಲುಲರನ್ನು ಹಿಡಿದು ಮಾಲ್ಟಾ ದ್ವೀಪಕ್ಕೆ ಕಳಿಸಿದರು. ಮರುದಿನವೇ ವಿದ್ಯಾರ್ಥಿಗಳು ಬೀದಿಗಿಳಿದರು, ಹಳ್ಳಿಗಳ ರೈತರು ರೈಲು ಕಂಬಿ ಕಿತ್ತರು. ಸಹಿ ಹಾಕಿದ ಕೈಗಳೇ ಮುಂದಿನ ಚಳವಳಿಯ ಕೈಗಳಾದವು. 1922ರಲ್ಲಿ ಬ್ರಿಟನ್ ಈಜಿಪ್ಟನ್ನು ಸ್ವತಂತ್ರವೆಂದು ಘೋಷಿಸಿತು, ಆದರೆ ನಾಲ್ಕು ಮುಖ್ಯ ವಿಷಯಗಳನ್ನು ತನ್ನ ಕೈಯಲ್ಲೇ ಉಳಿಸಿಕೊಂಡಿತು. ನಮ್ಮ 1938ರ ಒಪ್ಪಂದದ ಹಾಗೆ ಅದೂ ಅರ್ಧ ಗೆಲುವು.

2011ರಲ್ಲಿ ಕೈರೋದ ತಹ್ರೀರ್ ಚೌಕದಲ್ಲಿ ಜನಸಾಗರ ಸೇರಿದ್ದನ್ನು ನೀವು ದೂರದರ್ಶನದಲ್ಲಿ ನೋಡಿರಬಹುದು. ಜನವರಿ 25ರಿಂದ ಫೆಬ್ರವರಿ 11ರವರೆಗೆ, ಹದಿನೆಂಟು ದಿನಗಳಲ್ಲಿ, ಸುಮಾರು ಮೂವತ್ತು ವರ್ಷ ಆಳಿದ ಹೋಸ್ನಿ ಮುಬಾರಕ್ ಇಳಿದರು. ಅದೂ ಹದಿನೆಂಟೇ ದಿನದ ಕೆಲಸವಲ್ಲ. 2006ರಿಂದಲೇ ಮಹಲ್ಲಾ ಎಂಬ ಊರಿನ ಬಟ್ಟೆ ಗಿರಣಿಯ ಕಾರ್ಮಿಕರು ಕೂಲಿಗಾಗಿ ಮುಷ್ಕರ ಹೂಡಿ ದಾರಿ ಮಾಡಿದ್ದರು. ಆದರೆ ಮುಬಾರಕ್ ಇಳಿದ ಮೇಲೆ ಅಧಿಕಾರ ಯಾರ ಕೈಗೆ, ಯಾವ ಕರಾರಿನ ಮೇಲೆ ಎಂಬುದು ಚೌಕದಲ್ಲಿ ತೀರ್ಮಾನವಾಗಿರಲಿಲ್ಲ. ಚುನಾವಣೆ ನಡೆಯಿತು ನಿಜ. ಆದರೆ 2013ರಲ್ಲಿ, ಮತ್ತೆ ಬೀದಿ ತುಂಬಿದಾಗ, ಅಧಿಕಾರ ಹಿಡಿದದ್ದು ಸೈನ್ಯ. ಸೇರಲು ಕಲಿತ ಜನ, ಸೇರಿ ಗಳಿಸಿದ್ದನ್ನು ಕಾಯುವ ಸಂಸ್ಥೆಯನ್ನೂ ಕಟ್ಟಿಕೊಳ್ಳಬೇಕು ಎಂಬುದಕ್ಕೆ ಇದಕ್ಕಿಂತ ಕಹಿಯಾದ ನಿದರ್ಶನ ಬೇಡ.

ನಮ್ಮ ಮನೆಯ ಮಾತು

ಪರದೇಶದ ಮಾತು ಹೇಳಿ ನಮ್ಮದನ್ನು ಮರೆಮಾಚುವುದು ಸರಿಯಲ್ಲ. ಕಾವೇರಿ ನ್ಯಾಯಮಂಡಳಿ 1991ರ ಜೂನ್ 25ರಂದು ಮಧ್ಯಂತರ ಆದೇಶ ನೀಡಿತು. ತಮಿಳುನಾಡಿಗೆ ವರ್ಷಕ್ಕೆ 205 ಟಿಎಂಸಿ ನೀರು ಬಿಡಬೇಕೆಂದಿತು. ಮಂಡ್ಯದ ರೈತನಿಗೆ ಎದೆ ಒಡೆದಂತಾದದ್ದು ಸಹಜ. ಜಿ. ಮಾದೇಗೌಡರಂತಹ ಹಿರಿಯರು ಧರಣಿ, ಸಭೆಗಳ ಹಳೆಯ ದಾರಿಯಲ್ಲಿ ಹೋರಾಟ ನಡೆಸಿದರು. ಆದರೆ ಆದೇಶ ಗೆಜೆಟ್ಟಿನಲ್ಲಿ ಪ್ರಕಟವಾದ ಆ ಡಿಸೆಂಬರಿನಲ್ಲಿ ಬೆಂಗಳೂರಿನಲ್ಲೂ ಸೀಮೆಯ ಹಲವೆಡೆಯೂ ಗುಂಪುಗಳು ತಮಿಳು ಮಾತನಾಡುವ ಬಡಪಾಯಿಗಳ ಮನೆ, ಗುಡಿಸಲುಗಳ ಮೇಲೆ ಬಿದ್ದವು. ನಾಲೆಯ ನೀರಿನ ಲೆಕ್ಕಕ್ಕೂ ಆ ಕೂಲಿಕಾರರಿಗೂ ಏನು ಸಂಬಂಧ? ಪ್ರಾಣಗಳು ಹೋದವು, ನೆರೆಹೊರೆಯವರು ಊರು ಬಿಟ್ಟರು. ಆ ಬೆಂಕಿಯಿಂದ ನಮ್ಮ ನಾಲೆಗೆ ಒಂದು ತೊಟ್ಟು ನೀರೂ ಹೆಚ್ಚಾಗಲಿಲ್ಲ. ಕರ್ನಾಟಕದ ಪಾಲಿಗೆ 14.75 ಟಿಎಂಸಿ ಹೆಚ್ಚಿದ್ದು 2018ರ ಫೆಬ್ರವರಿಯಲ್ಲಿ, ಸುಪ್ರೀಂ ಕೋರ್ಟಿನ ತೀರ್ಪಿನಿಂದ. ವರ್ಷಗಟ್ಟಲೆ ಮಂಡಿಸಿದ ಅಂಕಿ ಅಂಶ, ವಾದಗಳಿಂದ.

1931ರಲ್ಲಿ ರೈತನ ಕೋಪಕ್ಕೆ ಗುರಿ ಸ್ಪಷ್ಟವಿತ್ತು. ಹೇಳಬೇಕಾದ್ದು ಸರ್ಕಾರಕ್ಕೆ, ಕೇಳಬೇಕಾದ್ದು ಇಂತಿಷ್ಟು. 1938ರಲ್ಲಿ ಮುರಿಯಬೇಕಾದ ಆಜ್ಞೆ ಒಂದೇ, ಅದಕ್ಕೆ ಬರುವ ಶಿಕ್ಷೆಯನ್ನು ಹೊರಲು ತಾನೇ ಸಿದ್ಧ ಎಂದು ಸತ್ಯಾಗ್ರಹಿ ಮುಂದೆ ಬಂದ. 1991ರ ಗುಂಪಿನಲ್ಲಿ ಗುರಿಯೂ ತಪ್ಪಿತ್ತು, ಹೊಣೆ ಹೊರುವವನೂ ಇರಲಿಲ್ಲ. ಪೆಟ್ಟು ತಿಂದವನು ಕೈಗೆ ಸಿಕ್ಕವನು. ಎಲ್ಲವನ್ನೂ ನಾವು 'ಜನರ ಆಕ್ರೋಶ' ಎಂಬ ಒಂದೇ ಮಾತಿನಲ್ಲಿ ಕಟ್ಟಿಬಿಟ್ಟರೆ ಶಿವಪುರದವರಿಗೆ ಅನ್ಯಾಯ ಮಾಡಿದಂತೆ.

ಓದುಗ ಮಿತ್ರರೇ, ಮಂಡ್ಯ ಜಿಲ್ಲೆಯೆಂದರೆ ಎಲ್ಲವೂ ನಾಲೆಯ ಬಯಲಲ್ಲ. ಕೆರೆಯನ್ನೂ ಮಳೆಯನ್ನೂ ನಂಬಿದ ಊರುಗಳು ಇಂದಿಗೂ ಇವೆ, ಅವುಗಳ ಬೇಡಿಕೆ ಇನ್ನೂ ಮುಗಿದಿಲ್ಲ. ನಾಳೆ ದುದ್ದದಲ್ಲೋ ಮಳವಳ್ಳಿಯಲ್ಲೋ ಜನ ಮತ್ತೆ ಸೇರಬಹುದು, ಸೇರಲೂಬೇಕು. ಆಗ ನಿಮ್ಮ ಮನೆಯ ಹುಡುಗನೂ ಹೊರಟು ನಿಂತರೆ ಅವನನ್ನು ಮೂರು ಮಾತು ಕೇಳಿ. ಯಾರಿಗೆ ಹೇಳಲು ಹೋಗುತ್ತಿದ್ದೀಯೆ? ಏನು ಸಿಕ್ಕರೆ ಹಿಂದಿರುಗುತ್ತೀಯೆ? ಮುಂದಾಳನ್ನು ಹಿಡಿದುಕೊಂಡು ಹೋದರೆ ನೀನೇನು ಮಾಡುತ್ತೀಯೆ? ಈ ಮೂರಕ್ಕೂ ಉತ್ತರವಿದ್ದರೆ ಅವನನ್ನು ತಡೆಯಬೇಡಿ.