ವೃತ್ತದ ಒಳಗಿನಿಂದ ಹೊರಕ್ಕೆ: ಚಿಕ್ಕಜಾಲದ ಕಲ್ಗೋರಿಗಳು ಮತ್ತು ಎರಡು ಶತಮಾನಗಳ ಶೋಧ

ಯಲಹಂಕ ದಾಟಿ ಬಳ್ಳಾರಿ ರಸ್ತೆಯಲ್ಲಿ ವಿಮಾನ ನಿಲ್ದಾಣಕ್ಕೆ ಹೊರಟವರಿಗೆ ಚಿಕ್ಕಜಾಲವೆಂದರೆ ಕಣ್ಣ ಮುಂದೆ ಸರಿದುಹೋಗುವ ಒಂದು ಹೆಸರಿನ ಫಲಕ. ಪುರಾತತ್ತ್ವದ ನಕ್ಷೆಯಲ್ಲಿ ಮಾತ್ರ ಅದರ ತೂಕ ಬೇರೆ. ಬೆಂಗಳೂರಿನ ಪ್ರಾಚೀನತೆಯನ್ನು ಬರೆಯುವವರು ಕೋರಮಂಗಲದ ಜತೆಗೆ ಹೆಸರಿಸುವ ಊರು ಇದು. ಎರಡೂ ಕಡೆ ಕ್ರಿ.ಪೂ. 1000ರ ಆಸುಪಾಸಿನ, ಕಬ್ಬಿಣ ಬಲ್ಲ ಜನರ ಸಮಾಧಿಗಳಿದ್ದವು. ಕೆಂಪೇಗೌಡರು ಕೋಟೆ ಕಟ್ಟುವುದಕ್ಕೆ ಎರಡೂವರೆ ಸಾವಿರ ವರ್ಷ ಮೊದಲೇ ಈ ಬಯಲಿನಲ್ಲಿ ಜನ ಬಂಡೆಗಳನ್ನು ಉರುಳಿಸಿ ತಂದು, ದುಂಡಗೆ ನೆಟ್ಟು, ತಮ್ಮ ಸತ್ತವರಿಗೆ ಜಾಗ ಮಾಡಿಕೊಟ್ಟಿದ್ದರು.

ಶಿಲಾವೃತ್ತ ನೋಡಲು ಸರಳ. ಉಳಿ ಮುಟ್ಟದ ಗುಂಡುಕಲ್ಲುಗಳ ಒಂದು ಬಳೆ, ಅದರೊಳಗೆ ಚೂರುಗಲ್ಲುಗಳ ತಗ್ಗು ಗುಡ್ಡೆ. ಅಗೆದರೆ ಕೆಳಗೆ ಒಂದೋ ಬರಿಯ ಗುಂಡಿ, ಇಲ್ಲವೇ ನಾಲ್ಕು ಕಲ್ಚಪ್ಪಡಿಗಳನ್ನು ನಿಲ್ಲಿಸಿ, ಮೇಲೊಂದು ಮುಚ್ಚಿದ ಕಲ್ಲಿನ ಕೋಣೆ. ಎಷ್ಟೋ ಕೋಣೆಗಳ ಒಂದು ಚಪ್ಪಡಿಯಲ್ಲಿ ದುಂಡನೆಯ ಕಿಂಡಿ. ಒಳಗೆ ಒಂದಷ್ಟು ಮೂಳೆ, ಕಪ್ಪು-ಕೆಂಪು ಮಡಿಕೆಗಳು, ಕಬ್ಬಿಣದ ಬಾಣದ ಮೊನೆ, ಕೊಡಲಿ, ಕುಡುಗೋಲು, ಕೆಲವೊಮ್ಮೆ ಕೆಂಪು ಕಾರ್ನೀಲಿಯನ್ ಮಣಿ. ಹಳ್ಳಿಯ ಜನ ಇವನ್ನು ಪಾಂಡವರ ಮನೆ ಎಂದರು, ಮೋರ್ಯರ ಮನೆ ಎಂದರು. ವನವಾಸದ ಪಾಂಡವರು ತಂಗಿದ್ದರೆಂದೋ, ಕುಳ್ಳ ಜನರ ಒಂದು ಕುಲ ಇಲ್ಲಿ ವಾಸವಾಗಿತ್ತೆಂದೋ ಕಥೆ ಕಟ್ಟಿದರು.

ವಿದ್ವಾಂಸರೂ ತಮ್ಮ ಕಥೆಗಳನ್ನು ಕಟ್ಟಿದರು. ಎರಡು ಶತಮಾನಗಳ ಆ ಬರವಣಿಗೆಯನ್ನು ಒಟ್ಟಿಗೆ ಓದಿದರೆ ಒಂದು ದಾರಿ ಕಾಣುತ್ತದೆ: ಶೋಧಕರ ಕಣ್ಣು ವೃತ್ತದ ನಡುವಿನ ಗುಂಡಿಯಿಂದ ಶುರುವಾಗಿ, ನಿಧಾನವಾಗಿ ಹೊರಕ್ಕೆ, ಊರಿನತ್ತ, ಕಲ್ಲುಗಣಿಯತ್ತ, ಕೊನೆಗೆ ದಿಗಂತದತ್ತ ನಡೆದಿದೆ. ಉತ್ತರ ಬೆಂಗಳೂರಿನ ಮಟ್ಟಿಗೆ ಈ ನಡಿಗೆಯೇ ಮುಖ್ಯ. ಇಲ್ಲಿ ಬೇಗ ಕಾಣೆಯಾಗುತ್ತಿರುವುದು ವೃತ್ತದ ಹೊರಗಿನದು.

ಯಾರು ಕಟ್ಟಿದರು?

ದಕ್ಷಿಣ ಭಾರತದ ಬೃಹತ್ ಶಿಲಾ ಸಮಾಧಿಗಳ ಮೊದಲ ವರದಿ ಬಂದದ್ದು ಮಲಬಾರಿನಿಂದ. 1823ರಲ್ಲಿ ಬ್ಯಾಬಿಂಗ್ಟನ್ ಅಲ್ಲಿನ ‘ಪಾಂಡುಕುಳಿ’ಗಳನ್ನು ವರ್ಣಿಸಿದ. ಆದರೆ ಅಧ್ಯಯನಕ್ಕೆ ಶಿಸ್ತು ಬಂದದ್ದು ಕನ್ನಡ ನೆಲದಲ್ಲಿ, ಸುರಪುರ ಸಂಸ್ಥಾನದ ಆಡಳಿತ ನೋಡಿಕೊಂಡಿದ್ದ ಫಿಲಿಪ್ ಮೆಡೋಸ್ ಟೇಲರನಿಂದ. ‘ಕನ್ಫೆಶನ್ಸ್ ಆಫ್ ಎ ಥಗ್’ ಕಾದಂಬರಿಯ ಲೇಖಕನಾಗಿ, ದೊರೆ ವೆಂಕಟಪ್ಪ ನಾಯಕನ ಬಾಲ್ಯದ ಪೋಷಕನಾಗಿ ನಮಗೆ ಪರಿಚಿತನಾದ ಈತ ಜೇವರ್ಗಿ, ರಾಜನಕೋಳೂರುಗಳ ಸುತ್ತಲಿನ ಸಮಾಧಿಗಳನ್ನು ಅಗೆಸಿ 1850ರ ದಶಕದಿಂದ ಬರೆಯತೊಡಗಿದ. ಗುಡ್ಡೆಯನ್ನು ನೆತ್ತಿಯಿಂದ ತಳದವರೆಗೆ ಸೀಳಿ, ಪದರ ಪದರವಾಗಿ ಚಿತ್ರ ಬರೆದಿಟ್ಟ. ಒಡವೆ ಸಿಕ್ಕರೆ ಸಾಕೆಂದು ಅಗೆಯುತ್ತಿದ್ದ ಆ ಕಾಲಕ್ಕೆ ಇದು ಅಪರೂಪ. ನೂರು ವರ್ಷಗಳ ಬಳಿಕ ಪುರಾತತ್ತ್ವಜ್ಞ ಮಾರ್ಟಿಮರ್ ವ್ಹೀಲರ್ ಆ ಚಿತ್ರಗಳನ್ನು ಮಾದರಿ ಎಂದು ಎತ್ತಿ ತೋರಿಸಿದ.

ಟೇಲರನ ಕೈ ಕಾಲಕ್ಕಿಂತ ಮುಂದಿತ್ತು, ತಲೆ ಕಾಲದ ಜತೆಗೇ ಇತ್ತು. ತನ್ನ ದೊಡ್ಡ ಲೇಖನಕ್ಕೆ ಅವನಿಟ್ಟ ಶೀರ್ಷಿಕೆಯಲ್ಲೇ ಕೆಲ್ಟರು, ಡ್ರೂಯಿಡರು, ಸಿಥಿಯನ್ನರು ಬಂದು ಕೂತಿದ್ದಾರೆ. ಇಂಗ್ಲೆಂಡಿನ ಸ್ಟೋನ್‌ಹೆಂಜನ್ನು ಡ್ರೂಯಿಡ್ ಪುರೋಹಿತರು ಕಟ್ಟಿದರೆಂದು ನಂಬಿದ್ದ ಕಾಲ ಅದು. ಭೀಮಾ ತೀರದ ವೃತ್ತಕ್ಕೂ ಅಲ್ಲಿಂದಲೇ ವಾರಸುದಾರರನ್ನು ಹುಡುಕಿದರು. ಇಂದು ಗೊತ್ತಿರುವ ಕಾಲಗಣನೆಯ ಮುಂದೆ ಈ ನಂಟು ನಿಲ್ಲುವುದಿಲ್ಲ. ಸ್ಟೋನ್‌ಹೆಂಜಿನ ದೊಡ್ಡ ಕಂಬಗಳು ನಿಂತದ್ದು ಕ್ರಿ.ಪೂ. 2500ರ ಸುಮಾರಿಗೆ, ಕಬ್ಬಿಣವನ್ನೇ ಕಾಣದ ಜನರಿಂದ. ಡ್ರೂಯಿಡರು ಅದಕ್ಕೆ ಎರಡು ಸಾವಿರ ವರ್ಷ ಈಚಿನವರು.

ಮೈಸೂರು ಸೀಮೆಯಲ್ಲೂ ಸೇನಾಧಿಕಾರಿಗಳೇ ಮೊದಲ ವರದಿಗಾರರು. ಹಾಸನ ಜಿಲ್ಲೆಯ ಒರಟುಗಲ್ಲಿನ ರಚನೆಗಳ ಬಗ್ಗೆ ಮೆಕೆಂಜಿ 1873ರಲ್ಲಿ ‘ಇಂಡಿಯನ್ ಆಂಟಿಕ್ವರಿ’ಗೆ ಬರೆದ. ಅದೇ ಪತ್ರಿಕೆಯ 1881ರ ಸಂಪುಟದಲ್ಲಿ ಬ್ರ್ಯಾನ್‌ಫಿಲ್ ಸಾವನದುರ್ಗದ ತಪ್ಪಲಿನ ಸಮಾಧಿ ಬಯಲನ್ನು ವಿವರಿಸಿದ. ಬೆಂಗಳೂರಿನ ಸುತ್ತಣ ಶಿಲಾವೃತ್ತಗಳು ವಿದ್ವತ್ತಿನ ಕಣ್ಣಿಗೆ ಬಿದ್ದದ್ದು ಹೀಗೆ. ಎಲ್ಲರ ಪ್ರಶ್ನೆಯೂ ಒಂದೇ: ಇವರು ಯಾವ ಜನಾಂಗ? ಉತ್ತರಕ್ಕಾಗಿ ಮುಂದೆ ಹಲವು ದಶಕ ತಲೆಬುರುಡೆಗಳನ್ನು ಅಳೆದರು. 1975ರಲ್ಲಿ ಕೆನೆತ್ ಕೆನಡಿ ದಕ್ಷಿಣ ಭಾರತ ಮತ್ತು ಶ್ರೀಲಂಕಾದ ಅಸ್ಥಿಗಳನ್ನು ಒಟ್ಟಿಗೆ ಪರಿಶೀಲಿಸಿ ಬರೆದ ಮೇಲೆ, ‘ಬೃಹತ್ ಶಿಲಾ ಜನಾಂಗ’ ಎಂಬ ಒಂದೇ ಅಚ್ಚಿನ ಜನರ ಕಲ್ಪನೆಗೆ ನೆಲೆ ಇಲ್ಲದಾಯಿತು.

ಯಾವಾಗ ಕಟ್ಟಿದರು?

ಇಪ್ಪತ್ತನೆಯ ಶತಮಾನದ ಪ್ರಶ್ನೆ ಕಾಲದ್ದು. ಮೈಸೂರಿನ ಪುರಾತತ್ತ್ವ ಇಲಾಖೆಯ ಎಂ.ಎಚ್. ಕೃಷ್ಣ ಅವರು 1929ರಲ್ಲಿ ಚಂದ್ರವಳ್ಳಿಯನ್ನೂ 1940ರಲ್ಲಿ ಬ್ರಹ್ಮಗಿರಿಯನ್ನೂ ಅಗೆಸಿದ್ದರು. ಅದೇ ನೆಲಕ್ಕೆ 1947ರಲ್ಲಿ ಮಾರ್ಟಿಮರ್ ವ್ಹೀಲರ್ ಬಂದ. ಬ್ರಹ್ಮಗಿರಿಯಲ್ಲಿ ಅವನು ತೆರೆದದ್ದು ಹತ್ತು ಸಮಾಧಿ: ಆರು ಕಲ್ಲಿನ ಕೋಣೆಗಳು, ನಾಲ್ಕು ಗುಂಡಿವೃತ್ತಗಳು. ಕೋಣೆಯ ಚಪ್ಪಡಿಗಳನ್ನು ಒಂದರ ಅಂಚು ಇನ್ನೊಂದನ್ನು ಮೀರಿ ಚಾಚುವಂತೆ, ಸ್ವಸ್ತಿಕದ ಆಕಾರದಲ್ಲಿ ಹೂಡಿದ್ದರು. ಮಣ್ಣಿನ ಒತ್ತಡಕ್ಕೆ ಚಪ್ಪಡಿಗಳು ಒಳಕ್ಕೆ ಕುಸಿಯದೆ ಒಂದಕ್ಕೊಂದು ಆತು ನಿಲ್ಲುತ್ತವೆ, ಗಾರೆಯ ಹಂಗಿಲ್ಲ.

ವ್ಹೀಲರನ ಕಾಲಗಣನೆ ನಿಂತದ್ದು ರೋಮಿನ ಮೇಲೆ. 1945ರಲ್ಲಿ ಅವನು ಪುದುಚೇರಿಯ ಅರಿಕಮೇಡಿನಲ್ಲಿ ರೋಮನ್ ಸರಕಿನ ಜತೆ ಸಿಕ್ಕ ಒಂದು ಬಗೆಯ ಗೆರೆಮಡಿಕೆಗೆ ಕಾಲ ಕಟ್ಟಿದ್ದ. ಅದೇ ಮಡಿಕೆ ಬ್ರಹ್ಮಗಿರಿಯ ಮೇಲಿನ ಪದರದಲ್ಲಿ ಸಿಕ್ಕಿತು. ಅದರ ಕೆಳಗಿನ ಪದರ ಶಿಲಾವೃತ್ತಗಳ ಜನರದು, ಅದಕ್ಕೂ ಕೆಳಗಿನದು ಕಲ್ಲುಕೊಡಲಿಯ ಜನರದು. ಹೀಗೆ ಲೆಕ್ಕ ಹಾಕಿ ಸಮಾಧಿಗಳನ್ನು ಕ್ರಿ.ಪೂ. 200ರಿಂದ ಕ್ರಿ.ಶ. ಒಂದನೆಯ ಶತಮಾನದ ನಡುವೆ ಇಟ್ಟ. ಪದರಗಳ ಅನುಕ್ರಮ ಇಂದಿಗೂ ಗಟ್ಟಿ. ವರ್ಷಗಳು ಮಾತ್ರ ಉಳಿಯಲಿಲ್ಲ.

ನಂತರದ ಮೂರು ದಶಕಗಳಲ್ಲಿ ಕೆಲಸ ಬಿರುಸಾಯಿತು. 1949ರಲ್ಲಿ ವಿ.ಡಿ. ಕೃಷ್ಣಸ್ವಾಮಿ ಅವರು ಸಮಾಧಿಗಳ ಬಗೆಗಳಿಗೆ ಒಪ್ಪಿತ ಹೆಸರುಗಳನ್ನು ಕೊಟ್ಟರು. ಒಬ್ಬರ ವರದಿಯನ್ನು ಇನ್ನೊಬ್ಬರದರ ಜತೆ ಹೋಲಿಸಲು ಆಗಷ್ಟೇ ಸಾಧ್ಯವಾಯಿತು. 1954ರಲ್ಲಿ ಬಿ.ಕೆ. ಥಾಪರ್ ಮಸ್ಕಿಯನ್ನು ಅಗೆದರು. ಬೆಂಗಳೂರಿನ ಮಗ್ಗುಲಿಗೆ ಪುರಾತತ್ತ್ವದ ಗುದ್ದಲಿ ಬಂದದ್ದು 1957ರಲ್ಲಿ: ಮೈಸೂರು ವಿಶ್ವವಿದ್ಯಾನಿಲಯದ ಎಂ. ಶೇಷಾದ್ರಿ ಅವರು ಹೊಸಕೋಟೆ ತಾಲ್ಲೂಕಿನ ಜಡಿಗೇನಹಳ್ಳಿಯ ಸಮಾಧಿಗಳನ್ನು ಅಗೆದು, 1960ರಲ್ಲಿ ವರದಿ ಪ್ರಕಟಿಸಿದರು. ಚಿಕ್ಕಜಾಲದ ವೃತ್ತಗಳನ್ನು ಓದಲು ಹತ್ತಿರದ ಕೈದೀಪ ಇದೇ.

ಕಾಲವನ್ನು ಹಿಂದಕ್ಕೆ ತಳ್ಳಿದ್ದು ಪ್ರಯೋಗಾಲಯ. ತುಂಗಭದ್ರೆಯ ದಂಡೆಯ ಹಳ್ಳೂರಿನಲ್ಲಿ 1965ರಲ್ಲಿ ಎಂ.ಎಸ್. ನಾಗರಾಜರಾವ್ ಅವರು ನಡೆಸಿದ ಉತ್ಖನನದಲ್ಲಿ ಕಬ್ಬಿಣದ ಪದರದ ಇದ್ದಿಲಿಗೆ ರೇಡಿಯೋಕಾರ್ಬನ್ ವಿಧಾನ ಕೊಟ್ಟ ಕಾಲ ಕ್ರಿ.ಪೂ. 1000ದ ಸುಮಾರು. ಮುಂದೆ ಕೊಮಾರನಹಳ್ಳಿಯ ಮಡಿಕೆಗಳ ಉಷ್ಣದೀಪ್ತಿ ಪರೀಕ್ಷೆ ಇನ್ನೂ ಹಿಂದಕ್ಕೆ, ಕ್ರಿ.ಪೂ. ಎರಡನೆಯ ಸಹಸ್ರಮಾನಕ್ಕೆ ಒಯ್ದಿತು. ಈಚೆಗೆ ತಮಿಳುನಾಡು ಈ ಚರ್ಚೆಯನ್ನು ಮತ್ತೆ ಕೆದಕಿದೆ. ನಮ್ಮ ಗಡಿಗೆ ಅಂಟಿದ ಕೃಷ್ಣಗಿರಿ ಜಿಲ್ಲೆಯ ಮಯಿಲಾಡುಂಪಾರೈಯಲ್ಲಿ ಕಬ್ಬಿಣಕ್ಕೆ ಕ್ರಿ.ಪೂ. 2172ರ ಕಾಲ ಸಿಕ್ಕಿತು. 2025ರ ಜನವರಿಯಲ್ಲಿ ಪ್ರಕಟವಾದ ಶಿವಗಳೈಯ ಕಾಲನಿರ್ಣಯಗಳು ಕ್ರಿ.ಪೂ. ನಾಲ್ಕನೆಯ ಸಹಸ್ರಮಾನವನ್ನು ಮುಟ್ಟುತ್ತವೆ. ಈ ಅಂಕಿಗಳ ಬಗ್ಗೆ ವಿದ್ವಾಂಸರ ವಾದ ಮುಗಿದಿಲ್ಲ. ಆದರೂ ಕೃಷ್ಣಗಿರಿಗೂ ಬೆಂಗಳೂರಿಗೂ ನಡುವೆ ಇರುವುದು ರಾಜ್ಯದ ಗಡಿ ಮಾತ್ರ. ಬಂಡೆ ಒಂದೇ, ಮಣ್ಣೂ ಒಂದೇ. ಅಲ್ಲಿನ ಕಾಲ ಬದಲಾದರೆ ಇಲ್ಲಿನದನ್ನೂ ಮತ್ತೆ ಕೇಳಬೇಕಾಗುತ್ತದೆ.

ಹೇಗೆ ಬದುಕಿದ್ದರು?

ಸಮಾಧಿ ಎಂದರೆ ಒಳಗೊಂದು ದೇಹ ಇರಬೇಕೆಂಬುದು ನಮ್ಮ ಎಣಿಕೆ. ಶಿಲಾವೃತ್ತಗಳು ಅದನ್ನು ಹಲವು ಕಡೆ ಸುಳ್ಳು ಮಾಡಿವೆ. ಬ್ರಹ್ಮಗಿರಿಯ ಕೋಣೆಗಳಲ್ಲಿ ಸಿಕ್ಕದ್ದು ಆಯ್ದು ತಂದಿಟ್ಟ ಮೂಳೆಗಳು, ಒಂದೇ ಕೋಣೆಯಲ್ಲಿ ಒಬ್ಬರಿಗಿಂತ ಹೆಚ್ಚು ಜನರವು. ಗುಂಡಿವೃತ್ತಗಳಲ್ಲಿ ಅಸ್ಥಿಯೇ ಇರಲಿಲ್ಲ. ಹೆಣವನ್ನು ಮೊದಲು ಆ ಗುಂಡಿಗಳಲ್ಲಿ ತೆರೆದಿಟ್ಟು, ಮಾಂಸ ಕರಗಿದ ಮೇಲೆ ಮೂಳೆಗಳನ್ನು ಕೋಣೆಗೆ ಸಾಗಿಸುತ್ತಿದ್ದರೆಂದು ವ್ಹೀಲರ್ ಊಹಿಸಿದ. ಊಹೆ ಸರಿಯಾದರೆ ಒಂದು ಸಾವು ಒಂದು ದಿನದಲ್ಲಿ ಮುಗಿಯುತ್ತಿರಲಿಲ್ಲ. ಕಿಂಡಿಯ ಉದ್ದೇಶವೂ ಹೀಗೆಯೇ ಜಗಳದಲ್ಲಿದೆ: ಮುಂದಿನ ಮೂಳೆಗಳನ್ನು ಸೇರಿಸಲೋ, ನೈವೇದ್ಯ ಇಡಲೋ, ಆತ್ಮದ ಓಡಾಟಕ್ಕೋ?

ಗೋರಿಗಳು ಇಷ್ಟೊಂದು, ಊರುಗಳು ಎಲ್ಲಿ? ಈ ಪ್ರಶ್ನೆಗೆ ಉತ್ತರವಾಗಿ 1974ರಲ್ಲಿ ಲಾರೆನ್ಸ್ ಲೆಶ್ನಿಕ್, ಇವರು ಕುದುರೆಯೇರಿ ಅಲೆಯುತ್ತಿದ್ದ ಪಶುಪಾಲಕರು, ಅದಕ್ಕೇ ಊರುಗಳಿಲ್ಲ ಎಂದ. ಮರುವರ್ಷವೇ ಅ. ಸುಂದರ ಅವರ ಉತ್ತರ ಕರ್ನಾಟಕದ ಕೋಣೆಗೋರಿಗಳ ಗ್ರಂಥ ಬಂತು. ಕೊಣ್ಣೂರು, ಐಹೊಳೆ, ತೇರದಾಳಗಳ ಸುತ್ತ ಹಳ್ಳಿ ಹಳ್ಳಿ ನಡೆದು ಮಾಡಿದ ಆ ಕೆಲಸ, ಸಮಾಧಿಯನ್ನು ಪ್ರದೇಶದ ಜತೆಗಿಟ್ಟು ನೋಡುವುದನ್ನು ಕಲಿಸಿತು. 2003ರಿಂದ ಕೊಪ್ಪಳ ಜಿಲ್ಲೆಯ ಕಡೆಬಾಕಲೆಯಲ್ಲಿ ಕಾರ್ಲಾ ಸಿನೊಪೊಲಿ, ಕ್ಯಾಥ್ಲೀನ್ ಮಾರಿಸನ್, ಆರ್. ಗೋಪಾಲ್ ಅವರ ತಂಡ ಕಬ್ಬಿಣ ಯುಗದ ಊರನ್ನೇ ಅಗೆಯಿತು. ಬೃಹತ್ ಶಿಲಾ ರಚನೆಗಳು ಸ್ಮಶಾನಕ್ಕೆ ಮಾತ್ರ ಸೀಮಿತವಲ್ಲ, ಜನರ ನಡುವೆಯೂ ಇದ್ದವೆಂದು ಅಲ್ಲಿ ಗೊತ್ತಾಯಿತು. ಗಂಗಾವತಿ ಬಳಿಯ ಹಿರೇಬೆಣಕಲ್‌ನಲ್ಲಿ ಸುಮಾರು 400 ರಚನೆಗಳ ನಡುವೆ ಒಂದು ಕೊಳವಿದೆ. ಕಲ್ಲು ಸೀಳಿದ ಜಾಗವೇ ನೀರು ನಿಲ್ಲುವ ಜಾಗವಾಯಿತೆಂಬುದನ್ನು ಆಂಡ್ರ್ಯೂ ಬಾವರ್ ಅವರ ಅಧ್ಯಯನ ಮುಂದಿಟ್ಟಿತು. ಹಿರೇಬೆಣಕಲ್ 2021ರಲ್ಲಿ ಯುನೆಸ್ಕೋದ ತಾತ್ಕಾಲಿಕ ಪಟ್ಟಿ ಸೇರಿದೆ.

ದಿಗಂತದ ಲೆಕ್ಕ

ಈ ಶತಮಾನದಲ್ಲಿ ಖಗೋಳ ವಿಜ್ಞಾನಿಗಳೂ ಸೇರಿಕೊಂಡರು. ಶಹಾಪುರದ ಬಳಿಯ ವಿಭೂತಿಹಳ್ಳಿಯಲ್ಲಿ ಗುಂಡುಗಳನ್ನು ಸಾಲು ಸಾಲಾಗಿ ಜೋಡಿಸಿದ್ದಾರೆ. ಟೇಲರ್ ಕಂಡಿದ್ದ, 1956ರಲ್ಲಿ ಆಲ್ಚಿನ್ ಚರ್ಚಿಸಿದ ಬಗೆಯ ಈ ರಚನೆಯನ್ನು ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಯ ಎನ್. ಕಾಮೇಶ್ವರರಾವ್ ಅವರು ಪ್ರಿಯಾ ಠಾಕೂರ್ ಅವರೊಂದಿಗೆ ಅಳೆದು, ಸಾಲುಗಳು ಸೂರ್ಯನ ಋತುಚಲನೆಯನ್ನು ಗುರುತಿಸುತ್ತವೆಂದು ವಾದಿಸಿದರು. ಹೊಸನಗರ ತಾಲ್ಲೂಕಿನ ಬೈಸೆ, ನಿಲಸ್ಕಲ್‌ಗಳ ನಿಲುವುಗಲ್ಲುಗಳಲ್ಲಿ ಶ್ರೀಕುಮಾರ್ ಮೆನನ್, ಮಯಾಂಕ್ ವಾಹಿಯಾ ಮತ್ತಿತರರು ಉತ್ತರಾಯಣ, ದಕ್ಷಿಣಾಯನಗಳ ಸೂರ್ಯೋದಯ-ಸೂರ್ಯಾಸ್ತದ ನೇರಗಳನ್ನು ಕಂಡರು. ಕಲ್ಲುಗಳು ಹೆಚ್ಚಿದ್ದಷ್ಟೂ ಯಾವುದಾದರೂ ಎರಡು ಆಕಸ್ಮಿಕವಾಗಿ ಸೂರ್ಯನ ನೇರಕ್ಕೆ ಬೀಳುವ ಸಾಧ್ಯತೆಯೂ ಹೆಚ್ಚು. ಹಾಗಾಗಿ ಇಂಥ ವಾದ ನಿಲ್ಲುವುದೂ ಬೀಳುವುದೂ ಒಂದೇ ಷರತ್ತಿನ ಮೇಲೆ: ಕಲ್ಲುಗಳು ಮೂಲ ಜಾಗದಲ್ಲೇ ಇರಬೇಕು, ದಿಗಂತ ತೆರೆದಿರಬೇಕು.

ಉತ್ತರ ಬೆಂಗಳೂರಿಗೆ ಮರಳಿದರೆ

ಈ ಷರತ್ತು ಚಿಕ್ಕಜಾಲದ ಸುತ್ತ ಇನ್ನು ಸುಲಭವಲ್ಲ. 2008ರ ಮೇ ತಿಂಗಳಲ್ಲಿ ದೇವನಹಳ್ಳಿಯ ವಿಮಾನ ನಿಲ್ದಾಣ ತೆರೆದ ಮೇಲೆ ಹೆಬ್ಬಾಳದಿಂದಾಚೆಯ ಭೂಮಿಯ ಬೆಲೆಯೂ ಚಹರೆಯೂ ಬದಲಾದವು. ಹೊಲ ಬಡಾವಣೆಯಾಗುವಾಗ ಗುಂಡುಕಲ್ಲಿನ ಬಳೆ ಜೆಸಿಬಿಯ ಕಣ್ಣಿಗೆ ಅಡ್ಡಿ ಮಾತ್ರ. ನಿಧಿಯಾಸೆಯವರು ನಡುವಿನ ಗುಂಡಿಯನ್ನಷ್ಟೇ ಕೆಡಿಸುತ್ತಿದ್ದರು. ಲೇಔಟು ಸುತ್ತಲಿನ ನೆಲವನ್ನೂ ಮಟ್ಟ ಮಾಡುತ್ತದೆ. 2010ರ ತಿದ್ದುಪಡಿಯಂತೆ ಕೇಂದ್ರ ಸಂರಕ್ಷಿತ ಸ್ಮಾರಕದ ಸುತ್ತ 100 ಮೀಟರ್ ನಿಷೇಧಿತ, ಅದರಾಚೆ 200 ಮೀಟರ್ ನಿಯಂತ್ರಿತ ವಲಯ. ಆದರೆ ಘೋಷಿತ ಪಟ್ಟಿಯಲ್ಲಿಲ್ಲದ ವೃತ್ತಕ್ಕೆ ಆ ಅಳತೆ ಅನ್ವಯಿಸದು.

ಈ ಭಾಗದ ಪ್ರಾಚೀನತೆ ಒಂದು ಸ್ಮಶಾನಕ್ಕೆ ಮುಗಿಯುವುದೂ ಇಲ್ಲ. ಯಲಹಂಕಕ್ಕೂ ಯಶವಂತಪುರಕ್ಕೂ ನಡುವಿನ ಜಾಲಹಳ್ಳಿಯಲ್ಲಿ ಸಿಕ್ಕ ಬೆಣಚುಕಲ್ಲಿನ ಸೂಕ್ಷ್ಮ ಶಿಲಾಯುಧಗಳನ್ನು ಟಾಡ್ 1948ರಲ್ಲೇ ಪ್ರಕಟಿಸಿದ್ದ. ಅವು ಶಿಲಾವೃತ್ತಗಳಿಗಿಂತ ಹಳೆಯ ಪರಂಪರೆಗೆ ಸೇರಿದವು. ಯಶವಂತಪುರದಲ್ಲಿ 1891ರಲ್ಲಿ ನೂರೈವತ್ತಕ್ಕೂ ಹೆಚ್ಚು ರೋಮನ್ ಬೆಳ್ಳಿ ನಾಣ್ಯಗಳು ಸಿಕ್ಕವು. ಅಗಸ್ಟಸ್, ಟೈಬೀರಿಯಸ್, ಕ್ಲಾಡಿಯಸರ ಕಾಲದವು. ಅಂದರೆ ವ್ಹೀಲರ್ ಬ್ರಹ್ಮಗಿರಿಯಲ್ಲಿ ಕಾಲ ಕಟ್ಟಲು ಬಳಸಿದ ಅದೇ ರೋಮನ್ ವ್ಯಾಪಾರದ ಎಳೆ ಇಲ್ಲಿಗೂ ಚಾಚಿತ್ತು. ಜಾಲಹಳ್ಳಿಯ ಕಲ್ಲುಚೂರಿಗೂ ಯಶವಂತಪುರದ ನಾಣ್ಯಕ್ಕೂ ನಡುವಿನ ದೀರ್ಘ ಅವಧಿಗೆ ಚಿಕ್ಕಜಾಲ ಸಾಕ್ಷಿ. ಆ ಜನ ವಾಸವಿದ್ದ ಊರು, ಕಬ್ಬಿಣ ಕರಗಿಸಿದ ಕುಲುಮೆಯ ಕಿಟ್ಟ, ಚಪ್ಪಡಿ ಎಬ್ಬಿಸಿದ ಬಂಡೆ: ಇವನ್ನು ಹುಡುಕಬೇಕಾದದ್ದು ವೃತ್ತದ ಹೊರಗೆ, ಇನ್ನೂ ಕಾಂಕ್ರೀಟು ಬೀಳದ ತುಂಡುಗಳಲ್ಲಿ.

ಹುಡುಕುವ ಬಗೆಗೆ ಮಾದರಿ ಹತ್ತಿರದಲ್ಲೇ ಇದೆ. 2018ರಲ್ಲಿ ಹೆಬ್ಬಾಳದಲ್ಲಿ ಗಂಗ ಶ್ರೀಪುರುಷನ ಕಾಲದ, ಸುಮಾರು ಕ್ರಿ.ಶ. 750ರ ಕಿತ್ತಯ್ಯನ ವೀರಗಲ್ಲು ಬೆಳಕಿಗೆ ಬಂತು. ಅದನ್ನು ಉಳಿಸಲು ಮುಂದಾದವರು ಶಾಸನಾಸಕ್ತ ನಾಗರಿಕರು. 2021ರಿಂದ ಮಿಥಿಕ್ ಸೊಸೈಟಿ ಬೆಂಗಳೂರಿನ ಶಾಸನಗಳನ್ನು ಮೂರು ಆಯಾಮದ ಸ್ಕ್ಯಾನಿಂಗ್‌ನಿಂದ ದಾಖಲಿಸತೊಡಗಿತು. ಅಕ್ಷರವಿರುವ ಕಲ್ಲಿಗೆ ಸಿಕ್ಕ ಈ ಅದೃಷ್ಟ ಅಕ್ಷರವಿಲ್ಲದ ಕಲ್ಲಿಗೂ ಬೇಕು. ಶಾಸನವನ್ನು ಎತ್ತಿ ಮಂಟಪದಲ್ಲಿಟ್ಟರೂ ಅದರ ಮಾತು ಉಳಿಯುತ್ತದೆ. ವೃತ್ತದ ಕಲ್ಲನ್ನು ಎತ್ತಿದರೆ ಉಳಿಯುವುದು ಬಂಡೆ ಮಾತ್ರ. ಆದ್ದರಿಂದ ಇಲ್ಲಿ ಮೊದಲ ಕೆಲಸ ಇನ್ನೊಂದು ಗುಂಡಿ ಅಗೆಯುವುದಲ್ಲ. ಜಾಲ ಮತ್ತು ಯಲಹಂಕ ಹೋಬಳಿಗಳ ಸರ್ವೆ ನಂಬರುವಾರು ನಡೆದು, ಉಳಿದ ಪ್ರತಿ ವೃತ್ತದ ಜಾಗ, ಅಳತೆ, ಕಿಂಡಿಯ ದಿಕ್ಕು, ಸುತ್ತಲಿನ ಮಡಿಕೆ ಚೂರು, ಕಿಟ್ಟಗಳನ್ನು ಗುರುತಿಸಿ, ಆ ಪಟ್ಟಿಯನ್ನು ಭೂಪರಿವರ್ತನೆಗೆ ಸಹಿ ಬೀಳುವ ಮೊದಲೇ ಅಧಿಕಾರಿಯ ಮೇಜಿಗೆ ತಲುಪಿಸಬೇಕು. ಯಾರು, ಯಾವಾಗ, ಹೇಗೆ ಎಂಬ ಪ್ರಶ್ನೆಗಳಿಗೆ ಮುಂದಿನವರು ನಮಗಿಂತ ಒಳ್ಳೆಯ ಉಪಕರಣಗಳಿಂದ ಉತ್ತರ ಹುಡುಕಿಯಾರು. ಎಲ್ಲಿ ಎಂಬುದಕ್ಕೆ ಉತ್ತರ ಬರೆದಿಡಬಲ್ಲ ಕೊನೆಯ ತಲೆಮಾರು ಬಹುಶಃ ನಮ್ಮದೇ.