ಕಲ್ಕುಡನ ಪಾಡ್ದನವೂ ಜರ್ಮನ್ ಪಾದ್ರಿಯ ಲೇಖನಿಯೂ

ಜನರ ನಡುವೆ ಕುಳಿತು ಅವರು ಆಡಿದ್ದನ್ನೂ ಹಾಡಿದ್ದನ್ನೂ ದಾಖಲಿಸುವುದು ಸಾಕ್ಷ್ಯಚಿತ್ರಕಾರನ ಕಾಯಕ. ಕ್ಯಾಮೆರಾ ಬರುವ ಮೊದಲೇ ನಮ್ಮ ತುಳುನಾಡಿನಲ್ಲಿ ಲೇಖನಿಯಿಂದಲೇ ಈ ಕಾಯಕವನ್ನು ಮಾಡಿದವರಲ್ಲಿ ಜರ್ಮನ್ ಪಾದ್ರಿ ಆಗಸ್ಟ್ ಮ್ಯಾನರ್ ಪ್ರಮುಖರು.

ಬಾಸೆಲ್ ಮಿಷನ್ನಿನವರು 1834ರಲ್ಲಿ ಮಂಗಳೂರಿಗೆ ಬಂದದ್ದು ಮತಪ್ರಚಾರಕ್ಕಾಗಿ. ನಮ್ಮ ಭೂತಾರಾಧನೆ ಅವರ ದೃಷ್ಟಿಯಲ್ಲಿ ಪಿಶಾಚಪೂಜೆ. ಆದರೆ ಜನರೊಡನೆ ಮಾತನಾಡಲು ತುಳು ಬೇಕಿತ್ತು. 1872ರಲ್ಲಿ ಬ್ರಿಗೆಲ್ ಅವರ ತುಳು ವ್ಯಾಕರಣ ಅಚ್ಚಾಯಿತು. 1886ರಲ್ಲಿ ಮ್ಯಾನರ್ ಅವರ ತುಳು-ಇಂಗ್ಲಿಷ್ ನಿಘಂಟು ಬಂದಿತು. ಅದೇ ವರ್ಷ ಪಾಡ್ದನಗಳ ಸಂಗ್ರಹವೂ ಕನ್ನಡ ಲಿಪಿಯಲ್ಲಿ ಪ್ರಕಟವಾಯಿತು. ನ್ಯಾಯಾಧೀಶ ಬರ್ನೆಲ್ ಕಲೆಹಾಕಿದ್ದ ಪಾಡ್ದನಗಳು ಅವರ ಮರಣಾನಂತರ, 1894ರಿಂದ, 'ಇಂಡಿಯನ್ ಆಂಟಿಕ್ವರಿ'ಯಲ್ಲಿ ಬೆಳಕು ಕಂಡವು.

ಅವುಗಳಲ್ಲಿ ಕಲ್ಕುಡನ ಕಥೆಯೂ ಒಂದು. ಕಾರ್ಕಳದಲ್ಲಿ ಗೊಮ್ಮಟನನ್ನು ಕಡೆದ ಶಿಲ್ಪಿ ಬೇರೆಲ್ಲಿಯೂ ಅಂಥದನ್ನು ಕಡೆಯಬಾರದೆಂದು ಅರಸನು ಅವನ ಎಡಗೈ, ಬಲಗಾಲು ಕಡಿಸಿದನಂತೆ. ಒಂದೇ ಕೈಯಿಂದ ಅವನು ವೇಣೂರಿನಲ್ಲಿ ಮತ್ತೊಬ್ಬ ಗೊಮ್ಮಟನನ್ನು ನಿಲ್ಲಿಸಿದನಂತೆ. ತಂಗಿ ಕಲ್ಲುರ್ಟಿಯೊಡನೆ ದೈವವಾಗಿ ಸೇಡು ತೀರಿಸಿಕೊಂಡನಂತೆ.

ಇತಿಹಾಸದ ಲೆಕ್ಕಕ್ಕೆ ಇದು ಹೊಂದುವುದಿಲ್ಲ. ಕಾರ್ಕಳದ ಮೂರ್ತಿ ಪ್ರತಿಷ್ಠೆಯಾದದ್ದು 1432ರಲ್ಲಿ, ವೇಣೂರಿನದು 1604ರಲ್ಲಿ. ನಡುವೆ 172 ವರ್ಷಗಳ ಅಂತರ; ಒಬ್ಬನೇ ಶಿಲ್ಪಿ ಎರಡನ್ನೂ ಕಡೆದಿರಲಾರ. ಹಾಗೆಂದು ಪಾಡ್ದನವನ್ನು ಸುಳ್ಳೆಂದು ತಳ್ಳಿಹಾಕಬಹುದೇ? ಶಾಸನಗಳು ಕಾರ್ಕಳದ ವೀರಪಾಂಡ್ಯನನ್ನೂ ವೇಣೂರಿನ ತಿಮ್ಮರಾಜ ಅಜಿಲನನ್ನೂ ಹೊಗಳುತ್ತವೆ. ಉಳಿ ಹಿಡಿದವನ ನೋವನ್ನು ಹೇಳುವುದು ಪಾಡ್ದನವೇ. ಶಾಸನ ಅರಸನ ನೆನಪಾದರೆ, ಪಾಡ್ದನ ದುಡಿದವರ ನೆನಪು.

ಮಿಷನರಿಗಳು ಹಳಿದ ಆರಾಧನೆಯ ಹಾಡುಗಳು ಅವರದೇ ಮುದ್ರಣಾಲಯದಲ್ಲಿ ಅಚ್ಚಾಗಿ ಉಳಿದವು. ಅವರ ಉದ್ದೇಶವನ್ನು ಒಪ್ಪದೆಯೂ ಆ ಶ್ರಮಕ್ಕೆ ಕೈಮುಗಿಯಬಹುದು. ಒಂದು ಶತಮಾನದ ಬಳಿಕ ಮತ್ತೊಬ್ಬ ಜರ್ಮನ್ ವಿದ್ವಾಂಸೆ ಹೈಡ್ರುನ್ ಬ್ರೂಕ್ನರ್ ಇದೇ ಪರಂಪರೆಯನ್ನು ಗೌರವದಿಂದ ಅಭ್ಯಸಿಸಿ, 1995ರಲ್ಲಿ ಬೃಹತ್ ಗ್ರಂಥವನ್ನು ಪ್ರಕಟಿಸಿದರು. ನಮ್ಮವರೂ ಸುಮ್ಮನಿರಲಿಲ್ಲ: ಉಡುಪಿಯ ಗೋವಿಂದ ಪೈ ಸಂಶೋಧನ ಕೇಂದ್ರವು ಆರು ಸಂಪುಟಗಳ ತುಳು ನಿಘಂಟನ್ನು ಹೊರತಂದಿತು.

ಆದರೆ ಅಚ್ಚಾದದ್ದು ಒಂದು ಪಾಠ ಮಾತ್ರ. ಊರಿಂದೂರಿಗೆ ಪಾಡ್ದನ ಬದಲಾಗುತ್ತದೆ. ನೇಜಿ ನೆಡುತ್ತ ಅದನ್ನು ಹಾಡುತ್ತಿದ್ದ ಗದ್ದೆಗಳೇ ಈಗ ವಿರಳ. ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಯ ನನ್ನ ಹಳೆಯ ವಿದ್ಯಾರ್ಥಿಗಳೇ, ನಿಮ್ಮ ಕಿಸೆಯಲ್ಲಿರುವ ಫೋನಿನಲ್ಲೇ ಧ್ವನಿಮುದ್ರಣ ಸಾಧ್ಯ. ಮನೆಯ ಅಜ್ಜಿಗೆ ಹಾಡು ನೆನಪಿದ್ದರೆ, ಬರುವ ರಜೆಗೆಂದು ಕಾಯಬೇಡಿ.